ಸುಗಂಧಾಬಾಯಿ ಕೊಟ್ಟ ಸಾಕ್ಷಿ

೧೯೮೮ರಲ್ಲಿ, ಕಬ್ಬಿಗೆ ನೀರು ಹಾಯಿಸುವ ಜಗಳದಲ್ಲಿ, ಶಿರಗುಪ್ಪಿಯ ಜಕ್ಕಪ್ಪ ಬಡಿಗೆಯಿಂದ ಹೊಡೆದು ಸುಗಂಧಾಬಾಯಿಯ ಕೈ ಮುರಿದ. ಕೇಸು ಅಥಣಿ ಕೋರ್ಟಿಗೆ ಹೋಯಿತು. ಆದರೆ ಜೈನರ ಪರ್ಯುಷಣ ಪರ್ವ ಮುಗಿದು, ಒಬ್ಬರಿಗೊಬ್ಬರು ಕ್ಷಮೆ ಕೇಳುವ ಕ್ಷಮಾವಣಿಯ ದಿನ ಬಂದಾಗ, ಪೆಟ್ಟು ತಿಂದ ಅವಳೇ ಅವನ ಮನೆಗೆ ಹೋಗಿ ಕೈಮುಗಿದಳು. ಅವನು ಅವಳ ಕಾಲಿಗೆ ಬಿದ್ದ.

ಸಾಕ್ಷಿಯ ದಿನ ಜಕ್ಕಪ್ಪನ ವಕೀಲರು ಅವಳಿಗೆ ಮೆಲ್ಲಗೆ ಹೇಳಿದರು: "ಬಾಯಿ, ಜಾರಿ ಬಿದ್ದೆ ಅಂತ ಹೇಳ್ರಿ. ಇಲ್ಲಾಂದ್ರ ಜಕ್ಕಪ್ಪ ಜೇಲಿಗೆ ಹೋಗ್ತಾನ."

"ಸುಳ್ಳು ಹೇಳಾಂಗಿಲ್ಲಂತ ಮುನಿಗಳ ಮುಂದ ವ್ರತ ಹಿಡದೀನ್ರಿ."

ಜಕ್ಕಪ್ಪನ ಮುಖ ಬಿಳಿಚಿಕೊಂಡಿತು.

ಕಟಕಟೆ ಹತ್ತಿ ಅವಳು ಹೇಳಿದಳು: "ಇವನೇ ಹೊಡದಾನ್ರಿ, ಸಾಹೇಬ್ರ. ನಾ ಮನಸಾರೆ ಕ್ಷಮಾ ಮಾಡೀನಿ. ಕೇಸ್ ಇಲ್ಲಿಗೇ ಮುಗಸ್ರಿ."

"ನಿಮ್ಮನ್ನು ಯಾರಾದರೂ ಹೆದರಿಸಿದ್ದಾರೇನು?" ಎಂದು ನ್ಯಾಯಾಧೀಶರು ಕೇಳಿದರು.

"ನನ್ನ ಹೆದರಸಾವ್ರು ಶಿರಗುಪ್ಪ್ಯಾಗ ಇನ್ನೂ ಹುಟ್ಟಿಲ್ರಿ."

ನ್ಯಾಯಾಧೀಶರು ನಕ್ಕರು. ಪೆಟ್ಟು ತಿಂದವರು ಒಪ್ಪಿದರೆ ಇಂಥ ಕೇಸಿನಲ್ಲಿ ರಾಜಿಗೆ ಕೋರ್ಟು ಅನುಮತಿ ಕೊಡಬಹುದು, ಅದಕ್ಕೆ ಸುಳ್ಳು ಬೇಕಿಲ್ಲ ಎಂದು ವಕೀಲರಿಗೆ ಹೇಳಿ, ರಾಜಿ ಅರ್ಜಿ ಬರೆಸಿಕೊಂಡು ಜಕ್ಕಪ್ಪನನ್ನು ಬಿಟ್ಟರು.

ಹೊರಗೆ ಬಂದ ಜಕ್ಕಪ್ಪ ಟವೆಲ್ಲಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದ.

"ಅಳಬ್ಯಾಡೋ," ಎಂದಳು ಸುಗಂಧಾಬಾಯಿ. "ಆದ್ರ ಕೋರ್ಟ್ ಬಿಟ್ಟೈತಂತ ಇನ್ನ ಊರಾಗ, ನಾ ಹೊಡದೇ ಇಲ್ಲಂತ ಹೇಳ್ಕೋತ ತಿರಗಬ್ಯಾಡ."