ತಡಿ ತಡಿ, ಬಂದೆ!

"ತಡಿ ತಡಿ, ಬಂದೆ!" ಎಂದು ಕ್ಷೌರಿಕ ಕನ್ನಡಿಯೊಳಗಿಂದಲೇ ಹಲ್ಲು ಕಿರಿದ. ಕೆನ್ನೆ ತುಂಬ ನೊರೆ ಹೊತ್ತಿದ್ದ ಡ್ರಮ್ಮಿನವನೂ ನಗಲೇಬೇಕಾಯಿತು. ಹತ್ತು ವರ್ಷದಿಂದ ಊರೆಲ್ಲ ಅವನನ್ನು ಮಾತಾಡಿಸುವುದೇ ಹೀಗೆ. ಬಸ್ಸಿನ ಕಂಡಕ್ಟರ್ ಆಯಿತು, ಬ್ಯಾಂಕಿನ ಗುಮಾಸ್ತ ಆಯಿತು, ಬಾಯೊಳಗೆ ಇಕ್ಕಳ ಇಟ್ಟ ಹಲ್ಲಿನ ಡಾಕ್ಟರ್ ಕೂಡ ಬಿಟ್ಟಿರಲಿಲ್ಲ.

ಒಂದು ಹಾಡಿನ ರೆಕಾರ್ಡಿಂಗ್‌ನಲ್ಲಿ ಆದ ಎಡವಟ್ಟು ಅದು. ಹಾಡಿನ ನಡುವೆ ವಾದ್ಯಗಳೆಲ್ಲ ಒಂದು ಗಳಿಗೆ ಸುಮ್ಮನಾಗುತ್ತವೆ. ಸರಿಯಾಗಿ ಆಗಲೇ ಮೂರು ವರ್ಷದ ಮಗಳು ಬಾಗಿಲು ತಳ್ಳಿಕೊಂಡು ಬಂದು "ಅಪ್ಪಾ!" ಎಂದಿದ್ದಳು. ಇವನು ಮೈಮರೆತು 'ತಡಿ ತಡಿ, ಬಂದೆ!' ಎಂದು ಉತ್ತರ ಕೊಟ್ಟುಬಿಟ್ಟ. ರೆಕಾರ್ಡಿಂಗ್ ಮಾಡುವವನಿಗೆ ಅದು ಹಿಡಿಸಿತು. ಮಗುವಿನ ದನಿ ಕತ್ತರಿಸಿ ಅಪ್ಪನದನ್ನಷ್ಟೇ ಉಳಿಸಿಕೊಂಡ. ಹಾಡಿಗಿಂತ ಆ ಮಾತೇ ಮನೆಮಾತಾಯಿತು. ಕಾರ್ಯಕ್ರಮಗಳು ಮೇಲಿಂದ ಮೇಲೆ ಬಂದವು, ಮನೆಯಲ್ಲಿ ಅಪ್ಪ ಅಪರೂಪವಾದ. ಕತ್ತರಿಸಿದ ಕೂಗಿನ ಸಂಗತಿ ಮನೆಯವರಿಗೆ ಬಿಟ್ಟರೆ ಯಾರಿಗೂ ಗೊತ್ತಿರಲಿಲ್ಲ.

ಮಗಳೂ ಈಗ ಡ್ರಮ್ ಬಾರಿಸುತ್ತಾಳೆ. ಅಂದು ಸಂಜೆ ಶಾಲೆಯಲ್ಲಿ ಅವಳ ಮೊದಲ ಕಾರ್ಯಕ್ರಮ. ಅವನಿಗೆ ಬೇರೆ ಕಡೆ ಒಂದಿತ್ತು.

"ಬೇಗ ಮುಗಿಸ್ಕೊಂಡು ಬಂದ್ಬಿಡ್ತೀನಿ ಪುಟ್ಟಿ," ಎಂದ.

"ಊರವರಿಗೆಲ್ಲ ನಿನ್ನ 'ಬಂದೆ' ತಮಾಷೆ ಮಾತು ಅಪ್ಪ. ನಾನೊಬ್ಳೇ ನಿಜ ಅಂದ್ಕೊಂಡು ಇನ್ನೂ ಕಾಯ್ತಾ ಇದೀನಿ," ಎಂದು ಅವಳು ಚೀಲ ಹೆಗಲಿಗೇರಿಸಿಕೊಂಡು ಹೊರಟೇಹೋದಳು.

ಮಾತು ಎದೆಗೆ ನಾಟಿತು. ಕಾರ್ಯಕ್ರಮದವರಿಗೆ ಫೋನ್ ಮಾಡಿ, ಬೇರೆಯವರನ್ನು ಕರೆಸಿಕೊಳ್ಳಿ ಎಂದ.

"ಯಾಕೆ, ಮೈಗೆ ಹುಷಾರಿಲ್ವಾ?"

"ಈಗ ಹುಷಾರಾದೆ."

ಶಾಲೆಯ ಸಭಾಂಗಣ ಗಿಜಿಗುಡುತ್ತಿತ್ತು. ಯಾರಿಗೂ ಹೇಳದೆ ಹೋಗಿ ಹಿಂದಿನ ಸಾಲಿನಲ್ಲಿ ಕೂತ. ಮಕ್ಕಳು ಕೊನೆಗೆ ಎತ್ತಿಕೊಂಡದ್ದು ಅದೇ ಹಾಡನ್ನು. ಆ ಗಳಿಗೆ ಬಂತು, ವಾದ್ಯಗಳು ನಿಂತವು. ಆ ಮಾತು ಕೂಗಲೆಂದು ಜನ ಬಾಯಿ ತೆರೆದರು. ಅಷ್ಟರಲ್ಲಿ ಮಗಳು ಯಾರ ಕಡೆಗೂ ನೋಡದೆ ಮೈಕಿನತ್ತ ಬಾಗಿ, "ಅಪ್ಪಾ!" ಎಂದಳು.

ಹಾಡಿನಲ್ಲಿಲ್ಲದ ಈ ಕೂಗು ಕೇಳಿ ಜನ ತಬ್ಬಿಬ್ಬಾಗಿ ಸುಮ್ಮನಾದರು. ಅವನು ಎದ್ದು ನಿಂತ. ಸಾವಿರ ಸಲ ಹೇಳಿದ ಮಾತನ್ನು ಈ ಸಲ ಹೇಳಲು ಹೋಗಲಿಲ್ಲ. ಸುಮ್ಮನೆ ಕೈ ಎತ್ತಿದ.

ಕೋಲುಗಳನ್ನು ಮೇಲೆ ಹಿಡಿದೇ ಅವಳು ತಲೆ ಎತ್ತಿದಳು. ಹಿಂದಿನ ಸಾಲಿನ ಆ ಕೈ ಕಂಡು ಹಲ್ಲೆಲ್ಲ ಕಾಣುವಂತೆ ನಕ್ಕಳು. ಆಮೇಲೆ, ಅರ್ಧ ತಾಳ ತಡವಾಗಿ, ಕೋಲು ಡ್ರಮ್ಮಿನ ಮೇಲೆ ಬಿತ್ತು.