ಅಜ್ಜಿ ಕೈಯೆತ್ತಿದರೆ ಹಾಡು ನಿಲ್ಲಬೇಕು

ತಾತ ಒಗ್ವೆಂಗ್ ತೀರಿಹೋಗಿ ವರ್ಷವಾಯಿತೆಂದು ಇಟ್ಟ ಊಟಕ್ಕೆ ಸರೋವರದ ದಡದ ಕಿಸುಮು ಪಟ್ಟಣದಿಂದ ಸ್ಪೀಕರುಗಳೂ ಜನರೇಟರೂ ಬಂದಿಳಿದವು. ಅಂಗಳದ ಕೋಳಿಗಳು ಆಗಲೇ ಊರು ಬಿಟ್ಟವು. ಹಿಂದೆಯೇ ಕಪ್ಪು ಕನ್ನಡಕ ಏರಿಸಿಕೊಂಡು, ಹೀರೋ ಎಂಟ್ರಿ ಕೊಟ್ಟವನು ಡಿಜೆ ಕೆವೊ.

ಮೊಮ್ಮಗ ಒಬಿಯೆರೊ ತಾತನ ನ್ಯಾಟಿಟಿ ವಾದ್ಯ ಹಿಡಿದು ಕುಳಿತ. ಎಂಟು ತಂತಿ, ವಾದ್ಯದ ಮರಕ್ಕೆ ಬಡಿಯಲು ಕಾಲ್ಬೆರಳಿಗೆ ಕಬ್ಬಿಣದ ಉಂಗುರ, ಕಾಲಿಗೆ ಗೆಜ್ಜೆ. ತಾಳ ಮಾತ್ರ ಕೆವೊನ ಲ್ಯಾಪ್‌ಟಾಪಿನದು. ಹೀಗಾದರೂ ಹುಡುಗರು ಕೇಳಲಿ ಎಂದು ಒಪ್ಪಿದವನು ಒಬಿಯೆರೊನೇ. ಹುಡುಗರು ಕುಣಿದರು ಕೂಡ.

ಹಾಡಿನ ನಡುವೆ ಅಜ್ಜಿ ಅಕುಮು ಕೋಲೂರಿ ಎದ್ದು ಕೈಯೆತ್ತಿದಳು. ಆ ಸೀಮೆಯಲ್ಲಿ ಅದಕ್ಕೆ ಪಕ್ರುವೊಕ್ ಎನ್ನುತ್ತಾರೆ. ಯಾರೇ ಎದ್ದರೂ ಹಾಡು ನಿಲ್ಲಬೇಕು. ಅವರು ತಮ್ಮನ್ನೂ ತಮ್ಮವರನ್ನೂ ಹೊಗಳಿಕೊಂಡ ಮೇಲೆ, ಆ ಮಾತನ್ನೇ ಹೆಣೆದು ಹಾಡು ಮುಂದುವರಿಯಬೇಕು. ಗಂಡ ಸತ್ತಂದಿನಿಂದ ಅಜ್ಜಿ ಈ ಗಳಿಗೆಗೆಂದೇ ಮಾತು ಕಟ್ಟಿಟ್ಟುಕೊಂಡಿದ್ದಳು.

ಒಬಿಯೆರೊನ ಬೆರಳು ತಟ್ಟನೆ ನಿಂತವು. ತಾಳ ನಿಲ್ಲಲಿಲ್ಲ. ಢಂ ಢಂ ಢಂ! ಅಜ್ಜಿಯ ತುಟಿ ಅಲುಗಿದ್ದು ಕಂಡಿತು, ಒಂದಕ್ಷರ ಕೇಳಲಿಲ್ಲ.

"ನಿಲ್ಸೋ ಕೆವೊ! ಅಜ್ಜಿ ಮಾತಾಡ್ತಿದಾಳೆ!" ಒಬಿಯೆರೊ ಕೂಗಿದ.

"ಈಗ ನಿಲ್ಸಿದ್ರೆ ವಿಡಿಯೋ ಹಾಳಾಗುತ್ತೆ ಗುರೂ! ಅಜ್ಜಿದು ಆಮೇಲೆ ಸೇರಿಸೋಣ. ಎಕೋ ಹಾಕ್ತೀನಿ, ಸಖತ್ತಾಗಿರುತ್ತೆ!"

"ನಿನ್ನ ಎಕೋಗೆ ಬೆಂಕಿ ಬೀಳ! ಸತ್ತಿರೋನು ಅವಳ ಗಂಡ ಕಣೋ, ನಿನ್ನ ವಿಡಿಯೋ ಅಲ್ಲ!"

ಅಜ್ಜಿ ಎತ್ತಿದ ಕೈ ಮೆಲ್ಲಗೆ ಇಳಿಸಿ, ಕುರ್ಚಿಗಾಗಿ ತಡಕಾಡಿದಳು. ಒಬಿಯೆರೊನ ಮೈ ಉರಿಯಿತು. ಕುಡುಕನೊಬ್ಬ ಎದ್ದು ತನ್ನ ಮೇಕೆಯನ್ನು ಹೊಗಳಿದಾಗಲೂ ತಾತ ಹಾಡು ನಿಲ್ಲಿಸಿದ್ದ. ಮೇಕೆಗೆ ಸಿಕ್ಕ ಮರ್ಯಾದೆ ತಾತನ ಹೆಂಡತಿಗಿಲ್ಲವೇ? ಅದೂ ಅವನದೇ ಅಂಗಳದಲ್ಲಿ!

ಗೆಜ್ಜೆ ಝಲ್ಲೆನ್ನಿಸುತ್ತ ಎದ್ದುಹೋಗಿ ಜನರೇಟರ್ ಆರಿಸಿದ.

"ಲೇ, ಹುಚ್ಚಾ ನಿಂಗೆ?" ಕೆವೊ ಕಿರುಚಿದ.

"ಹೂಂ, ಹುಚ್ಚೇ. ಮತ್ತೆ ಮುಟ್ಟಿ ನೋಡು, ನಿನ್ನ ಕನ್ನಡಕ ಒಲೆ ಮೇಲಿನ ಸೂಪಲ್ಲಿ ಬೇಯುತ್ತೆ. ಅಜ್ಜೀ, ನೀ ಮಾತಾಡು."

ಅಜ್ಜಿ ಬೆನ್ನು ನೆಟ್ಟಗೆ ಮಾಡಿದಳು.

"ನಾನು ಅಕುಮು! ಒಗ್ವೆಂಗ್ ಹೆಂಡ್ತಿ! ಸರೋವರದಲ್ಲಿ ಬಿರುಗಾಳಿ ಎದ್ದಾಗ ದೋಣಿಲಿದ್ದೋರೆಲ್ಲ ದೇವ್ರನ್ನ ಕರೆದ್ರು, ನನ್ನ ಗಂಡ ನನ್ನ ಹೆಸರು ಕೂಗ್ದ. ಗಾಳಿನೇ ಹೆದ್ರಿ ಬಾಯ್ಮುಚ್ಕೊಂಡ್ತು! ಈ ಡಬ್ಬ ಯಾವ ಲೆಕ್ಕಾನೋ?"

ಅಂಗಳವೆಲ್ಲ ಹೋ ಎಂದಿತು. ಒಬಿಯೆರೊ ಕುಳಿತು, ಕಾಲುಂಗುರದಿಂದ ನ್ಯಾಟಿಟಿಯ ಮರಕ್ಕೆ ಬಡಿದ. ಅಕುಮುವಿಗೆ ಹೆದರಿದ ಗಾಳಿ ಹಾಡಿನೊಳಗೆ ಬಂತು. ಇನ್ಯಾರೋ ಕೈಯೆತ್ತಿದರು. ಹಾಡು ನಿಂತಿತು.