ಮದುಮಗ ಗೋಲಿಗೆ ನಿಂತ ದಿನ

ಪಾಟನ್ನಿನ ಪಲೇಸ್ವಾಂ ಟೋಲು ಎಂಬ ಕೇರಿಯ ಫುಟ್‌ಬಾಲ್ ಕ್ಲಬ್ಬು ಹುಟ್ಟಿದ್ದೇ ಒಂದು ಜಗಳದಿಂದ. ಅಂಗಳದಲ್ಲಿ ಒಣಹಾಕಿದ್ದ ಭತ್ತದ ಮೇಲೆ ಚೆಂಡು ಉರುಳಿಸಿದ ಹುಡುಗರನ್ನು ಕೇರಿಯ ಹೆಂಗಸರು ಪೊರಕೆ ಹಿಡಿದು ಅಟ್ಟಿದರು. ಅವರು ಓಡಿಹೋಗಿ ಊರಾಚೆಯ ಕೊಯ್ಲಾದ ಗದ್ದೆಯಲ್ಲಿ ನಿಂತು, ನಮಗೂ ಒಂದು ಹೆಸರಿದ್ದರೆ ಯಾರೂ ಹೀಗೆ ಅಟ್ಟಲಾರರು ಎಂದು ಅಲ್ಲೇ ಕ್ಲಬ್ಬು ಕಟ್ಟಿಬಿಟ್ಟರು. ಪಲೇಸ್ವಾಂ ಎಂದರೆ ತಾವರೆ. ಹೆಸರಿಗೆ ತಕ್ಕ ಹಾಗೆ ಕ್ಲಬ್ಬು ಬಹಳ ವರ್ಷ ಕೆಸರಿನಲ್ಲೇ ಇತ್ತು. ‘ಬಿ’ ಡಿವಿಷನ್ನಿನ ತಳ ಬಿಟ್ಟು ಅದು ಮೇಲೆದ್ದದ್ದು ಹೇರಾಕಾಜಿ ಮಹರ್ಜನ್ ಗೋಲ್‌ಕೀಪರ್ ಆದ ಮೇಲೆ. ಅವನು ಹೂಕೋಸು ಬೆಳೆಯುವ ಮನೆಯ ಮಗ. ಆಳು ಕುಳ್ಳು, ಕೈ ಮಾತ್ರ ಮೊರದಗಲ.

ಆ ಚಳಿಗಾಲ ಒಂದೇ ಒಂದು ಆಟ ಬಾಕಿಯಿತ್ತು. ಡ್ರಾ ಮಾಡಿಕೊಂಡರೂ ಸಾಕು, ‘ಎ’ ಡಿವಿಷನ್. ಅಲ್ಲಿ ಆಟಗಾರನಿಗೆ ತಿಂಗಳ ಸಂಬಳ, ಕ್ಲಬ್ಬಿನದೇ ಬೂಟು. ಆದರೆ ಆಟ ನಿಗದಿಯಾದ ದಿನವೇ ಹೇರಾಕಾಜಿಯ ಮದುವೆ. ಹೆಣ್ಣು ಬಾಗ್ಮತಿ ನದಿಯಾಚೆ, ಆಟ ನಡೆಯುವ ರಂಗಶಾಲೆ ಸ್ಟೇಡಿಯಮ್ಮಿನ ಪಕ್ಕದ ಘಾಟ್ ಟೋಲಿನವಳು. ಎದುರು ತಂಡವೂ ಘಾಟ್ ಟೋಲಿನದೇ. ಅದರ ಮುಂಚೂಣಿಯ ಆಟಗಾರ ರಾಜುಮಾನ್, ಹೆಣ್ಣಿನ ಒಡಹುಟ್ಟಿದ ಅಣ್ಣ.

ತಂಡದ ಕೋಚ್ ಬುದ್ಧಿರತ್ನ ಶಾಕ್ಯ ಕಂಚಿನ ವಿಗ್ರಹ ಮಾಡುವವನು. ದೇವರಿಗೆ ಕಣ್ಣು ಕೊಡುವಾಗಲೂ ಅಳುಕದ ಅವನು ಹೇರಾಕಾಜಿಯ ತಾಯಿ ಹೀರಾಮೈಯಾಳ ಮುಂದೆ ಚಹಾ ಲೋಟ ತಿರುಗಿಸುತ್ತ ಕೂತಿದ್ದ.

“ದಿದಿ, ಒಂದು ಮಧ್ಯಾಹ್ನದ ಮಟ್ಟಿಗೆ ಹುಡುಗನ್ನ ಕೊಡಿ.”

“ಮದುಮಗನ್ನೇ ಕೊಡಬೇಕಾ? ಬೇರೆ ಗಂಡಸರು ಸತ್ರಾ ನಿಮ್ಮ ಕ್ಲಬ್ಬಲ್ಲಿ?”

“ಬದುಕಿದ್ದಾರೆ. ಆದ್ರೆ ಚೆಂಡು ಬಂದ್ರೆ ಕಣ್ಣು ಮುಚ್ಕೋತಾರೆ.”

ಹೇರಾಕಾಜಿ ಬಾಗಿಲ ಮರೆಯಿಂದ ತಲೆ ಹಾಕಿದ. “ಅಮ್ಮಾ, ನಮ್ಮಲ್ಲಿ ಮದುಮಗ ದಿಬ್ಬಣದ ಜತೆ ಹೋಗೋ ಹಾಗಿಲ್ವಲ್ಲ. ನೆಂಟರೆಲ್ಲ ಹೋಗಿ ಹುಡುಗೀನ ಕರ್ಕೊಂಡು ಬರೋ ತನಕ ನಾನಿಲ್ಲಿ ನೊಣ ಹೊಡೀತಾ ಕೂತಿರಬೇಕು. ಅದರ ಬದಲು ಚೆಂಡು ಹಿಡೀತೀನಿ.”

ಹೀರಾಮೈಯಾಗೆ ನಗು ಬಂತು. ನಕ್ಕರೆ ಸೋತಂತೆ ಎಂದು ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. “ಹೋಗು. ಆದ್ರೆ ಸೊಸೆ ಹೊಸಿಲಿಗೆ ಬರೋ ಹೊತ್ತಿಗೆ ಸ್ನಾನ ಮಾಡಿ ನಿಂತಿರಬೇಕು. ಕೈ ಕಾಲು ಮೂತಿ ಎಲ್ಲಾ ಇದ್ದ ಹಾಗೇ ಇರಬೇಕು, ಗೊತ್ತಾಯ್ತಾ?”

ಅಂದು ಮಂಜು ಹಾಳಾದ್ದು ಕರಗಲೇ ಇಲ್ಲ. ಎದುರಿನ ಗೋಲ್ ಕಂಬ ಕಾಣುವವರೆಗೆ ಆಟವಿಲ್ಲ ಎಂದು ರೆಫರಿ ಕೈಕಟ್ಟಿ ಕೂತ. ಆಟ ಶುರುವಾಗುವ ಹೊತ್ತಿಗೆ ಪಾಟನ್ನಿನಿಂದ ದಿಬ್ಬಣ ಹೊರಟಿತ್ತು. ಆಟ ಮುಗಿಯುತ್ತ ಬಂದಾಗ, ಸೋದರಮಾವ ಹೊತ್ತು ತಂದು ಕೂರಿಸಿದ ಮದುಮಗಳು ಚಂದ್ರಲಾನಿ ಹೂವಿನ ಕಾರಿನಲ್ಲಿ ಅಳುತ್ತ ರಂಗಶಾಲೆಯ ಗೇಟಿನ ಮುಂದೆ ಬರುತ್ತಿದ್ದಳು. ಒಳಗಿನಿಂದ ಹೋ ಎಂಬ ಗದ್ದಲ ಕೇಳಿತು. ಮುಂದೆ ಹೋಗುತ್ತಿದ್ದ ಡೋಲಿನವರು ಯಾರನ್ನೂ ಕೇಳದೆ ಗೇಟಿನೊಳಕ್ಕೆ ತಿರುಗಿಕೊಂಡರು. ಅವರ ಹಿಂದೆ ದಿಬ್ಬಣದ ಗಂಡಸರು.

ಚಂದ್ರಲಾನಿ ಕಣ್ಣೊರೆಸಿಕೊಂಡಳು. “ಯಾರು ಆಡ್ತಿರೋದು?”

ಪಕ್ಕದಲ್ಲಿದ್ದ ಮದುಮಗನ ಸೋದರತ್ತೆ ಕಿಟಕಿಯ ಕಡೆ ಮುಖ ತಿರುಗಿಸಿದಳು. “ನಿಮ್ಮ ಟೋಲು, ನಮ್ಮ ಟೋಲು.”

“ನಮ್ಮ ರಾಜುಮಾನ್ ದಾಜು ಬೆಳಗ್ಗೆಯಿಂದ ಕಾಣ್ತಿಲ್ಲ ಅಂದ್ರೆ ಇಲ್ಲಿದ್ದಾನೆ! ನಿಮ್ಮ ಕಡೆ ಗೋಲಿಗೆ ಯಾರಿದ್ದಾರೆ?”

“ಇದ್ದಾನೆ ಯಾರೋ ಒಬ್ಬ.” ಅತ್ತೆ ಕೆಮ್ಮಿದಳು. “ನಿನ್ನ ಗಂಡ ಅಂತಾರೆ.”

ಚಂದ್ರಲಾನಿ ಕಾರಿನ ಬಾಗಿಲು ತೆಗೆದಳು. ಅತ್ತೆ ಸೆರಗು ಹಿಡಿದಳು. ಸೆರಗಿನ ಜತೆ ತಾನೂ ಎಳೆಸಿಕೊಂಡು ಹೋಗಬೇಕಾಯಿತು.

ಒಳಗೆ ಒಂದು-ಒಂದು ಸಮ. ಪಲೇಸ್ವಾಂ ತಂಡದ ಹುಡುಗನೊಬ್ಬ ಗಾಬರಿಯಲ್ಲಿ ಚೆಂಡನ್ನು ಕೈಯಿಂದ ತಳ್ಳಿ, ಘಾಟ್ ಟೋಲಿಗೆ ಪೆನಾಲ್ಟಿ ಸಿಕ್ಕಿತ್ತು. ಚೆಂಡಿಟ್ಟವನು ರಾಜುಮಾನ್.

“ಏನು ಭಾವ, ಮದುವೆ ಉಡುಗೊರೆ ಯಾವ ಕಡೆ ಇಡ್ಲಿ? ಎಡಕ್ಕೋ, ಬಲಕ್ಕೋ?”

“ಎಲ್ಲಿಟ್ರೂ ಎತ್ಕೋತೀನಿ. ತಂಗೀನೇ ಕೊಟ್ಟಾಯ್ತಲ್ಲ, ಇನ್ನು ಇದ್ಯಾವ ದೊಡ್ಡದು?” ಹೇರಾಕಾಜಿ ಹಾಗೆಂದನೇ ಹೊರತು ಒಳಗೆ ಲೆಕ್ಕ ಹಾಕುತ್ತಿದ್ದ. ತಡೆದರೆ ಮಾವನ ಮನೆಯಲ್ಲಿ ಮೊದಲ ಊಟವೇ ಸಪ್ಪೆ. ಬಿಟ್ಟರೆ ಟೋಲಿನಲ್ಲಿ ಸಾಯುವ ತನಕ ತಲೆಯೆತ್ತುವಂತಿಲ್ಲ.

ರಾಜುಮಾನ್ ಓಡಿ ಬಂದ. ಆಗ ಮೆಟ್ಟಿಲ ಕಡೆಯಿಂದ ಹೆಣ್ಣು ದನಿಯೊಂದು ಕೂಗಿತು: “ಎಡಕ್ಕೇ! ಅವನು ಯಾವಾಗ್ಲೂ ಎಡಕ್ಕೇ ಹೊಡೆಯೋದು!”

ತಂಗಿಯ ದನಿ ರಾಜುಮಾನ್‌ಗೆ ಗುರುತು ಸಿಗದೆ ಇರುತ್ತದೆಯೇ? ಎತ್ತಿದ ಕಾಲನ್ನು ಗಾಳಿಯಲ್ಲೇ ಬಲಕ್ಕೆ ತಿರುಗಿಸಲು ನೋಡಿದ. ಕಾಲು ಎಡಕ್ಕೂ ಹೋಗದೆ ಬಲಕ್ಕೂ ಹೋಗದೆ ಚೆಂಡನ್ನು ನೆಟ್ಟಗೆ ಒದೆಯಿತು. ಹೇರಾಕಾಜಿಯೋ, ಕೆಂಪು ಸೀರೆಯುಟ್ಟು ಕೂಗುತ್ತಿರುವವಳು ತನ್ನ ಹೆಂಡತಿಯೇ ಎಂಬ ಬೆರಗಿನಲ್ಲಿ ಎತ್ತಲೂ ಹಾರದೆ ಕಂಬದಂತೆ ನಿಂತಿದ್ದ. ಚೆಂಡು ಅವನ ಮೂಗಿಗೆ ಬಡಿದು ಅಡ್ಡಪಟ್ಟಿಯ ಮೇಲಿಂದ ಆಚೆ ಹೋಯಿತು. ಡೋಲಿನವರು ಬಾರಿಸಿದ ರಭಸಕ್ಕೆ ರೆಫರಿಯ ಕೊನೆಯ ಸೀಟಿ ಯಾರಿಗೂ ಕೇಳಿಸಲಿಲ್ಲ.

ದಿಬ್ಬಣಕ್ಕಿಂತ ಮೊದಲು ಸೈಕಲ್ ತುಳಿದುಕೊಂಡು ಮನೆ ಸೇರಿದ ಹೇರಾಕಾಜಿಯನ್ನು ತಾಯಿ ಕಣ್ಣು ಕಿರಿದು ಮಾಡಿ ನೋಡಿದಳು. “ಮೂಗಿಗೇನಾಯ್ತೋ?”

“ಬಚ್ಚಲ ಬಾಗಿಲು ತಗುಲ್ತಮ್ಮಾ.”

“ನೀನಿನ್ನೂ ಬಚ್ಚಲಿಗೆ ಹೋಗೇ ಇಲ್ವಲ್ಲೋ!”

ಅಷ್ಟರಲ್ಲಿ ಡೋಲು ಬಾಗಿಲಿಗೆ ಬಂತು. ಹೀರಾಮೈಯಾ ಮನೆಯ ಬೀಗದಕೈಯ ಒಂದು ತುದಿಯನ್ನು ಸೊಸೆಗೆ ಹಿಡಿಸಿ, ಇನ್ನೊಂದು ತುದಿ ತಾನು ಹಿಡಿದು ಒಳಗೆ ಕರೆತಂದಳು. ಸೊಸೆಯ ಗಂಟಲು ಕಟ್ಟಿದ್ದನ್ನು ಕಂಡು, “ಪಾಪ, ತವರಿಗಾಗಿ ಎಷ್ಟು ಅತ್ತಿದೆ ಕೂಸು!” ಎಂದು ಮರುಗಿದಳು. ಸೋದರತ್ತೆ ಮತ್ತೆ ಕೆಮ್ಮಿದಳು.

ಮದುಮಗಳು ಶಾಸ್ತ್ರದಂತೆ ಮನೆಯವರಿಗೆಲ್ಲ ಹತ್ತು ಹತ್ತು ಅಡಿಕೆ ಕೊಡುತ್ತ ಬಂದಳು. ಗಂಡನ ಬೊಗಸೆಗೆ ಹಾಕುವಾಗ ತಲೆ ತಗ್ಗಿಸಿಕೊಂಡೇ ಪಿಸುಗುಟ್ಟಿದಳು: “ಎಡಕ್ಕೆ ಅಂತ ಅಷ್ಟು ಕೂಗಿದ್ನಲ್ಲ, ಯಾಕೆ ಹಾರಲಿಲ್ಲ?”

“ನೀನು ನಿಮ್ಮಣ್ಣನ ಕಡೆಯೋ ನನ್ನ ಕಡೆಯೋ ತಿಳೀಲಿಲ್ಲ.”

“ನನಗೂ ತಿಳಿದಿರಲಿಲ್ಲ,” ಎಂದಳು ಚಂದ್ರಲಾನಿ. ಅವಳ ಹೆಗಲು ನಗುವಿಗೆ ಕುಲುಕಿತು. ನೆಂಟರು ಮತ್ತೆ ಅಳುತ್ತಿದ್ದಾಳೆಂದುಕೊಂಡರು.

ಕೆಲವು ದಿನ ಕಳೆದು ಮಗಳ ಮುಖ ನೋಡುವ ಶಾಸ್ತ್ರಕ್ಕೆ ತವರಿನವರು ಬಂದರು. ರಾಜುಮಾನ್ ಮಿಠಾಯಿಯ ಪೆಟ್ಟಿಗೆಯ ಹಿಂದೆ ಮುಖ ಮರೆಸಿಕೊಂಡು ಬಂದಿದ್ದ. ಹೊಸಿಲು ದಾಟುವ ಮೊದಲೇ ಕೋಚ್ ಬುದ್ಧಿರತ್ನ ಅವನ ಕೈ ಹಿಡಿದುಕೊಂಡ.

“ರಾಜುಮಾನ್, ಮುಂದಿನ ವರ್ಷ ನಮ್ಮ ಕ್ಲಬ್ಬಿಗೆ ಬಾರಪ್ಪ. ಸಂಬಳ ಕೊಡ್ತೀವಿ.”

“ಪೆನಾಲ್ಟಿ ಹಾಳುಮಾಡಿದವನು ನಿಮಗ್ಯಾಕೆ ದಾಜು?”

“ನಿನ್ನ ತಂಗಿ ಈಗ ನಮ್ಮ ಟೋಲಿನವಳು. ಅವಳಿರೋ ತನಕ ನಮ್ಮ ಎದುರು ನಿಂತ್ರೆ ನಿನಗೆ ಉಳಿಗಾಲ ಉಂಟಾ?”

ರಾಜುಮಾನ್ ಒಳಗೆ ನೋಡಿದ. ಹೀರಾಮೈಯಾಳ ಪಕ್ಕದಲ್ಲಿ ಕೂತು ಉದ್ದಿನ ವಡೆ ತಟ್ಟುತ್ತಿದ್ದ ತಂಗಿ ಅವನತ್ತ ಹುಬ್ಬು ಹಾರಿಸಿದಳು. ಅವನು ಪೆಟ್ಟಿಗೆ ಕೆಳಗಿಟ್ಟು, ಭಾವನ ಮೂಗಿನ ಊತ ಇಳಿದಿದೆಯೇ ಎಂದು ನೋಡಿ, ಊಟಕ್ಕೆ ಕೂತ. ಬುದ್ಧಿರತ್ನ ಬೂಟಿನ ಅಳತೆ ಕೇಳಿದಾಗ ಬಾಯಿ ತುಂಬ ವಡೆಯಿತ್ತು. ಕಾಲು ಚಾಚಿ ತೋರಿಸಿದ.